ಟೋಕಿಯೊದ ಸುಶಿ ತರಗತಿ: ನಮ್ಮಂಥವರಿಗೆ ಹೊಂದುತ್ತದೆಯೇ?

ಘಟಪ್ರಭಾ ದಂಡೆ (ಬಾಗಲಕೋಟೆ) ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ಮಗಳು, ಅಳಿಯ ಯೊಕೊಹಾಮಾದಲ್ಲಿ ಕೆಲಸಕ್ಕಿದ್ದಾರೆ. ಬರುವ ಏಪ್ರಿಲ್‌ನಲ್ಲಿ ನಾನೂ ನಮ್ಮ ಮನೆಯವರೂ ಅಲ್ಲಿಗೆ ಹೊರಟಿದ್ದೇವೆ. ಬೆಂಗಳೂರಿನಿಂದ ನರಿತಾಕ್ಕೆ ವಿಮಾನದ ಟಿಕೆಟ್ ಆಗಿದೆ, ವೀಸಾ ಕಾಗದಪತ್ರ ಹೋಗಿವೆ. ಎಲ್ಲ ಸುಸೂತ್ರವಾಯಿತು ಎನ್ನುವಷ್ಟರಲ್ಲಿ ಮಗಳು ಹೊಸದೊಂದು ಹಟ ಹಿಡಿದಿದ್ದಾಳೆ. ಟೋಕಿಯೊದಲ್ಲಿ ಪ್ರವಾಸಿಗರಿಗೆ ಸುಶಿ, ಅಂದರೆ ವಿನೆಗರ್ ಬೆರೆಸಿದ ಅನ್ನದ ಜೊತೆ ಹೆಚ್ಚಾಗಿ ಹಸಿ ಮೀನು ಇಟ್ಟು ಮಾಡುವ ಜಪಾನಿ ತಿನಿಸು, ಮಾಡಲು ಕಲಿಸುವ ತರಗತಿಗಳಿವೆಯಂತೆ. ಏಪ್ರನ್ ಕಟ್ಟಿಕೊಂಡು ನಿಂತು, ನಾವೇ ಮಾಡಿ, ನಾವೇ ತಿಂದು ಬರುವುದು. "ಗುಡಿ, ಗೋಪುರ ಎಲ್ಲರೂ ನೋಡುತ್ತಾರೆ ಅಪ್ಪಾ, ಇದೊಂದು ಮಾಡೋಣ" ಎನ್ನುತ್ತಾಳೆ.

ನನ್ನದೇನೂ ತಕರಾರಿಲ್ಲ. ಬ್ಯಾಂಕಿನ ನೌಕರಿಯಲ್ಲಿದ್ದಾಗ ಗೆಳೆಯರ ಜೊತೆ ಆಲಮಟ್ಟಿ ಹಿನ್ನೀರಿನ ಮೀನು ತಿಂದವನು ನಾನು. ಆದರೆ ಮನೆಯವರು ಮೊಟ್ಟೆಯನ್ನೂ ಒಳಗೆ ಬಿಡದವರು. "ಹಸಿ ಮೀನು ಕೊಯ್ದ ಮಣೆಯ ಮೇಲೆ ನಾನು ಅನ್ನ ಇಡುವುದಿಲ್ಲ" ಎಂದು ಖಡಾಖಂಡಿತವಾಗಿ ಹೇಳಿಬಿಟ್ಟಿದ್ದಾರೆ. ಅದರ ಹಿಂದೆಯೇ ಇನ್ನೊಂದು ಪ್ರಶ್ನೆ: "ಅದಕ್ಕೆ ಸುತ್ತುವ ಕರಿ ಹಾಳೆ ಏನದು, ಮೀನಿನ ಚರ್ಮವೇ?" ಮಗಳು ಫೋನಿನಲ್ಲಿ "ಅಲ್ಲಮ್ಮ, ಸಮುದ್ರದ ಪಾಚಿ" ಎಂದಳು. ಪಾಚಿ ಎಂದ ಕೂಡಲೇ ಇವರ ಮುಖ ಇನ್ನಷ್ಟು ಗಂಟಾಯಿತು.

ಮೀನು ತಿನ್ನದವರು ಅಂಥ ತರಗತಿಗೆ ಹೋಗಿ ಮಾಡುವುದಾದರೂ ಏನು? ಸುಮ್ಮನೆ ಕುಳಿತು ನೋಡಿ ಬರಬೇಕೇ? ಕೊಟ್ಟ ದುಡ್ಡಿಗೆ ತಕ್ಕ ಕಲಿಕೆ ಇದೆಯೇ? ಊರಿಗೆ ಬಂದ ಮೇಲೆ ಇಲ್ಲಿನ ಸಾಮಾನಿನಿಂದ ಮಾಡಲು ಬರುತ್ತದೆಯೇ? ಹೋಗಿ ಬಂದವರು ಯಾರಾದರೂ ಇದ್ದರೆ ತಿಳಿಸಿ. ಮಗಳು ಈ ವಾರದೊಳಗೆ ಜಾಗ ಕಾದಿರಿಸಬೇಕಂತೆ.


ಖಾನಾವಳಿ ಅಕ್ಕ (ವಿಜಯಪುರ) ಉತ್ತರ:

ಅಣ್ಣನವರೇ, ಧೈರ್ಯವಾಗಿ ಹೋಗಿ, ವೈನಿಯವರನ್ನು ಕರೆದುಕೊಂಡೇ ಹೋಗಿ. ನಾನು ವಿಜಯಪುರದಲ್ಲಿ ರೊಟ್ಟಿ ಖಾನಾವಳಿ ನಡೆಸುವವಳು. ನಮ್ಮ ಒಲೆಯ ಮೇಲೆ ಇವತ್ತಿನವರೆಗೆ ಮೊಟ್ಟೆ ಬೆಂದಿಲ್ಲ. ಪ್ರವಾಸ ಕಂಪನಿಯ ಗುಂಪಿನೊಂದಿಗೆ ಜಪಾನಿಗೆ ಹೋದಾಗ ಉಳಿದವರೆಲ್ಲ ಡಿಸ್ನಿಲ್ಯಾಂಡ್‌ಗೆ ನಡೆದರು, ನಾನು ಟೋಕಿಯೊದ ಅಸಾಕುಸಾ ಕಡೆಯ ಒಂದು ಅಡುಗೆ ತರಗತಿಗೆ ನಡೆದೆ. ಗುಂಪಿನ ಮಾರ್ಗದರ್ಶಿ ಹುಡುಗಿ ಜಪಾನಿ ಭಾಷೆ ಬಲ್ಲವಳು, ಪಾಪ, ನನ್ನ ಜೊತೆ ಬಂದಳು.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಸುಶಿಯಲ್ಲಿ ಮೀನು ಕೊಳ್ಳುವ ಸಾಮಾನು, ಅನ್ನ ಮಾಡುವ ಸಾಮಾನು. ಮೀನು ಚೆನ್ನಾಗಿದ್ದರೆ ಹೊಗಳಿಕೆ ಮಾರುಕಟ್ಟೆಯವನಿಗೆ ಸಲ್ಲುತ್ತದೆ, ಅನ್ನ ಕೆಟ್ಟರೆ ಬೈಗುಳ ಮಾಡಿದವರಿಗೆ. ಹಾಗಾಗಿ ಮಗಳು ದುಡ್ಡು ಕಟ್ಟುವ ಮೊದಲು ಒಂದೇ ಒಂದು ಪ್ರಶ್ನೆ ಕೇಳಲಿ: ಅನ್ನವನ್ನು ನಾವೇ ಮಾಡುತ್ತೇವೆಯೇ, ಅಥವಾ ನೀವು ಮಾಡಿ ಇಟ್ಟಿರುತ್ತೀರೇ? ಒಂದು ಗಂಟೆಯ ತರಗತಿಗಳಲ್ಲಿ ಸಾಮಾನ್ಯವಾಗಿ ವಿನೆಗರ್ ಬೆರೆಸಿದ ಅನ್ನ, ಹೋಳು ಮಾಡಿದ ಮೀನು ಎರಡೂ ತಟ್ಟೆಯಲ್ಲಿ ಸಿದ್ಧವಾಗಿ ಬರುತ್ತವೆ. ನೀವು ಉಂಡೆ ಒತ್ತಿ, ಮೇಲೆ ಹೋಳು ಇಟ್ಟು, ಫೋಟೊ ತೆಗೆಸಿಕೊಂಡು ಬರುತ್ತೀರಿ. ಮೀನು ತಿನ್ನುವವರಿಗೆ ಅದರಲ್ಲಿ ಊಟವಾದರೂ ದಕ್ಕುತ್ತದೆ. ವೈನಿಯವರಿಗೆ ಏನೂ ದಕ್ಕುವುದಿಲ್ಲ. ಅಕ್ಕಿ ತೊಳೆಯುವುದರಿಂದ ಶುರುವಾಗುವ ತರಗತಿ ಹುಡುಕಿ. ಅಲ್ಲಿ ಮೀನಿಗೆ ಕೈ ಹಚ್ಚದವರಿಗೂ ಮುಕ್ಕಾಲು ಪಾಲು ವಿದ್ಯೆ ಸಿಗುತ್ತದೆ.

ನನಗೆ ಕಲಿಸಿದವರು ಎಪ್ಪತ್ತರ ಆಸುಪಾಸಿನ ಹಿರಿಯರು, ಮಾತು ಕಡಿಮೆ. ಬಟ್ಟಲಲ್ಲಿದ್ದ ಅಕ್ಕಿಗೆ ನೀರು ಹಾಕಿ, ಒಂದು ಸುತ್ತು ಕೈಯಾಡಿಸಿ, ಕೂಡಲೇ ಚೆಲ್ಲಿಬಿಟ್ಟರು. ಒಣ ಅಕ್ಕಿ ಹೆಚ್ಚು ಹೀರುವುದು ಮೊದಲ ನೀರನ್ನೇ, ತೌಡಿನ ವಾಸನೆಯ ನೀರು ಕಾಳಿನೊಳಗೆ ಇಳಿಯಬಾರದು ಎಂಬುದು ಅವರ ಲೆಕ್ಕ. ಆಮೇಲೆ ಬೆರಳಗಲಿಸಿ ಮೆಲ್ಲಗೆ ತಿರುವುತ್ತ, ನೀರು ತಿಳಿಯಾಗುವವರೆಗೆ ತೊಳೆದರು. ಅರ್ಧ ಗಂಟೆ ನೆನೆಹಾಕಿದರು. ಕುದಿಸುವ ನೀರು ಅಕ್ಕಿಯ ಅಳತೆಗಿಂತ ತುಸು ಮಾತ್ರ ಹೆಚ್ಚು. ನಮ್ಮಲ್ಲಿ ಅನ್ನಕ್ಕೆ ಒಂದಕ್ಕೆರಡು ನೀರು ಹಾಕುವವರಿಗೆ ಇದು ನೋಡಲೇ ಭಯವಾಗುತ್ತದೆ. ಆದರೆ ಆ ಗಿಡ್ಡ ಕಾಳಿನ ಅಕ್ಕಿಗೆ ಅಷ್ಟೇ ಸಾಕು, ವಿನೆಗರಿನ ತೇವ ಆಮೇಲೆ ಸೇರಬೇಕಲ್ಲ.

ಬೆಂದ ಅನ್ನವನ್ನು ಹತ್ತು ಹದಿನೈದು ನಿಮಿಷ ಮುಚ್ಚಿಟ್ಟು, ಹಾಂಗಿರಿ ಎಂಬ ಅಗಲ ಬಾಯಿಯ ಮರದ ತೊಟ್ಟಿಗೆ ಸುರಿದರು. ಅದರ ಸುತ್ತ ತಾಮ್ರದ ಪಟ್ಟಿ. ತೊಟ್ಟಿಯನ್ನು ಮೊದಲೇ ನೀರಿನಲ್ಲಿ ನೆನೆಸಿ ಒರೆಸಿಟ್ಟಿದ್ದರು. ಒಣ ಮರವಾದರೆ ಅನ್ನಕ್ಕೆ ಹೋಗಬೇಕಾದ ವಿನೆಗರನ್ನು ತಾನೇ ಕುಡಿದುಬಿಡುತ್ತದೆ, ಅನ್ನವೂ ಅಂಟುತ್ತದೆ. ನಮ್ಮ ಅಳತೆ ಹೀಗಿತ್ತು: ಜಪಾನಿನ ಅಕ್ಕಿ ಲೋಟ 180 ಮಿಲಿಲೀಟರಿನದು, ಅಂಥ ಎರಡು ಲೋಟ ಅಕ್ಕಿಗೆ ಊಟದ ದೊಡ್ಡ ಚಮಚದಲ್ಲಿ ನಾಲ್ಕು ಚಮಚ ಅಕ್ಕಿ ವಿನೆಗರ್, ಎರಡು ಚಮಚ ಸಕ್ಕರೆ, ಚಹಾ ಚಮಚದಲ್ಲಿ ಒಂದು ಚಮಚ ಉಪ್ಪು. ಸಕ್ಕರೆ ಉಪ್ಪು ಕರಗಿಸಿದ ಈ ವಿನೆಗರನ್ನು ಬಿಸಿ ಅನ್ನದ ಮೇಲೆ ಶಾಮೋಜಿ ಎಂಬ ಚಪ್ಪಟೆ ಸೌಟಿನ ಮೂಲಕ ಹರಡಿ ಬೀಳುವಂತೆ ಸುರಿಯುತ್ತಾರೆ. ಆಮೇಲೆ ಸೌಟನ್ನು ಓರೆ ಹಿಡಿದು ಅನ್ನವನ್ನು ಕೊಯ್ದು ಕೊಯ್ದು ಮಗುಚುತ್ತಾರೆ. ಕಲಸಿದರೆ ಕಾಳು ಜಜ್ಜಿ ಮುದ್ದೆಯಾಗುತ್ತದೆ. ಬೀಸಣಿಗೆ ಹಿಡಿಯುವ ಕೆಲಸ ನನ್ನ ಪಾಲಿಗೆ ಬಂತು. ಗಾಳಿ ತಾಗಿ ಮೇಲಿನ ಹಸಿ ಆರುತ್ತಿದ್ದಂತೆ ಕಾಳು ಕಾಳಿಗೂ ಹೊಳಪು ಏರುವುದನ್ನು ಕಣ್ಣೆದುರೇ ನೋಡಿದೆ. ದಿನವೂ ದೊಡ್ಡ ಪಾತ್ರೆಯಲ್ಲಿ ಅನ್ನ ಇಳಿಸುವವಳು ನಾನು, ಆ ಹೊಳಪನ್ನು ಎಂದೂ ಕಂಡಿರಲಿಲ್ಲ. ಅನ್ನ ಮೈ ಬಿಸಿಗೆ ಇಳಿದಾಗ ಒದ್ದೆ ಬಟ್ಟೆ ಹೊದಿಸಿದರು. ಫ್ರಿಜ್ಜಿನಲ್ಲಿ ಇಡಲೇಬಾರದಂತೆ, ಕಾಳು ಗಟ್ಟಿಯಾಗುತ್ತದೆ.

ಸುತ್ತುವುದು ಅಷ್ಟು ಕಷ್ಟವಲ್ಲ. ಬಿದಿರು ಕಡ್ಡಿಯ ಸಣ್ಣ ಚಾಪೆ, ಅದರ ಮೇಲೆ ನೋರಿ, ಅಂದರೆ ವೈನಿಯವರು ಕೇಳಿದ ಆ ಕರಿ ಹಾಳೆ, ಅರ್ಧ ಮಾತ್ರ, ಹೊಳೆಯುವ ಮಗ್ಗುಲು ಕೆಳಗೆ. ಕೈಗೆ ವಿನೆಗರ್ ಬೆರೆಸಿದ ನೀರು ಹಚ್ಚಿಕೊಂಡು ಅನ್ನ ಹರಡಬೇಕು, ನೀರು ಹೆಚ್ಚಾದರೆ ಹಾಳೆ ಮೆತ್ತಗಾಗುತ್ತದೆ. ಆಚೆಯ ಅಂಚಿನಲ್ಲಿ ಒಂದು ಬೆರಳಗಲ ಖಾಲಿ ಬಿಡಬೇಕು, ನಡುವೆ ಸೌತೆಕಾಯಿ. ಈಚೆಯ ಅನ್ನದ ಅಂಚನ್ನು ಆಚೆಯ ಅನ್ನದ ಅಂಚಿಗೆ ಮುಟ್ಟಿಸಿ ಒಂದೇ ಮಗುಚಿಗೆ ಸುತ್ತಬೇಕು. ಕೊಯ್ಯುವಾಗ ಪ್ರತಿ ಸಲವೂ ಚಾಕುವನ್ನು ಒದ್ದೆ ಬಟ್ಟೆಯಲ್ಲಿ ಒರೆಸಬೇಕು. ಮೊದಲು ನಡುವೆ ಎರಡು, ಆಮೇಲೆ ಎರಡನ್ನೂ ಜೋಡಿಸಿಟ್ಟು ಮೂರು ಮೂರು.

ಕಷ್ಟವಿರುವುದು ನಿಗಿರಿಯಲ್ಲಿ, ಅಂದರೆ ಅಂಗೈಯಲ್ಲಿ ಒತ್ತುವ ಉಂಡೆಯಲ್ಲಿ. ಶೇಂಗಾ ಉಂಡಿ ಕಟ್ಟುವ ಬಲ ಅಲ್ಲಿ ಹಾಕಿದರೆ ಮುಗಿಯಿತು, ಹೆಂಟೆಯಾಗುತ್ತದೆ. ಒಂದು ಉಂಡೆಗೆ ಸುಮಾರು 15ರಿಂದ 20 ಗ್ರಾಂ ಅನ್ನ. ಎಡ ಅಂಗೈಯಲ್ಲಿಟ್ಟು, ಬಲಗೈಯ ಎರಡು ಬೆರಳಿನಿಂದ ಒತ್ತಿ, ತಿರುಗಿಸಿ, ಮತ್ತೆ ಒತ್ತಿ ಬಿಟ್ಟುಬಿಡಬೇಕು. ಕೈಯಲ್ಲಿ ನಿಲ್ಲಬೇಕು, ಬಾಯಲ್ಲಿ ಬಿಚ್ಚಬೇಕು ಎಂದು ಆ ಹಿರಿಯರು ಹೇಳಿದರೆಂದು ಹುಡುಗಿ ತಿಳಿಸಿದಳು. ನನ್ನ ಉಂಡೆಗಳ ಮೇಲೆ ಇಟ್ಟದ್ದು ಸುಟ್ಟ ಬದನೆಯ ಹೋಳು, ಅಣಬೆ, ದೊಣ್ಣೆ ಮೆಣಸಿನಕಾಯಿ. ಎಣ್ಣೆಗಾಯಿ ಉಂಡು ಬೆಳೆದ ನಾಲಿಗೆಗೆ ಆ ಬದನೆ ಸಪ್ಪೆ ಎನಿಸಬಹುದು, ಆದರೆ ಹುಳಿ ಸಿಹಿ ಅನ್ನದ ಮೇಲೆ ಅದು ಸರಿಯಾಗಿ ಕೂರುತ್ತದೆ.

ಈಗ ವೈನಿಯವರ ಮಣೆಯ ಮಾತು. ಅವರದು ಅತಿಯಾಯಿತು ಎಂದು ನೀವು ನಗಬೇಡಿ, ನಾನೂ ಅದನ್ನೇ ಕೇಳಿದ್ದೆ. ಬೇರೆ ಮಣೆ, ಬೇರೆ ಚಾಕು, ಬೇರೆ ಚಾಪೆ ಬೇಕು ಎಂದು ಮೊದಲೇ ತಿಳಿಸಿದರೆ ಒಳ್ಳೆಯ ತರಗತಿಯವರು ಕೊಡುತ್ತಾರೆ. ಹೋದ ಮೇಲೆ ಕೇಳಿದರೆ ಅವರಿಗೂ ಮುಜುಗರ, ನಿಮಗೂ ಮುಜುಗರ.

ಆದರೆ ಕಣ್ಣಿಗೆ ಕಾಣುವ ಮೀನಿಗಿಂತ ಕಾಣದ ಮೀನಿನದೇ ಹೆಚ್ಚು ತೊಂದರೆ. ಅಲ್ಲಿ ದಾಶಿ ಎಂಬ ತಿಳಿ ಸಾರು ಎಲ್ಲದಕ್ಕೂ ಬೇಕು. ಸಾಮಾನ್ಯವಾಗಿ ಅದನ್ನು ಕೊಂಬು ಎಂಬ ಕಡಲ ಸೊಪ್ಪು ಮತ್ತು ಕಾತ್ಸುವೊಬುಶಿ, ಅಂದರೆ ಹೊಗೆಯಲ್ಲಿ ಒಣಗಿಸಿದ ಮೀನಿನ ತುರಿ, ಎರಡನ್ನೂ ಹಾಕಿ ತೆಗೆಯುತ್ತಾರೆ. ತರಗತಿಯ ಕೊನೆಗೆ ಕೊಡುವ, ಮಿಸೊ ಎಂಬ ಹುದುಗಿಸಿದ ಸೋಯಾ ಮುದ್ದೆಯ ಸಾರಿನಲ್ಲಿ ಅದು ಇದ್ದೇ ಇರುತ್ತದೆ ಎಂದುಕೊಳ್ಳಿ. ಸೋಯಾ ಹಾಲಿನಿಂದ ಮಾಡಿದ ತೋಫುವಿನ ಕರಿದ ಚೀಲದಲ್ಲಿ ಅನ್ನ ತುಂಬುವ ಇನಾರಿ ನೋಡಲು ಶುದ್ಧ ಶಾಕಾಹಾರ, ಆದರೆ ಆ ಚೀಲ ಕುದ್ದಿರುವುದು ಹೆಚ್ಚಾಗಿ ದಾಶಿಯಲ್ಲಿ. ಕಾಂಪ್ಯೊ ಎಂಬ ಪಟ್ಟಿಯೂ ಹಾಗೆಯೇ. ಅದು ನಮ್ಮ ಸೋರೆಕಾಯಿಯ ಜಾತಿಯದೇ ಕಾಯಿ, ಉದ್ದುದ್ದ ಹೆರೆದು ಒಣಗಿಸಿದ್ದು, ಬಹುಪಾಲು ತೊಚಿಗಿ ಪ್ರಾಂತ್ಯದಿಂದ ಬರುತ್ತದೆ. ಸೋರೆಕಾಯಿಯನ್ನು ಹೀಗೆ ವರ್ಷವಿಡೀ ಕಾಪಿಡಬಹುದೆಂದು ಗೊತ್ತಾದಾಗ ನನಗಂತೂ ಹೊಟ್ಟೆಕಿಚ್ಚಾಯಿತು. ಅದನ್ನು ಸೋಯಾ ಸಾಸ್, ಸಕ್ಕರೆಯಲ್ಲಿ ಕುದಿಸುವಾಗ ದಾಶಿ ಹಾಕಿದ್ದಾರೆಯೇ ಎಂದು ಕೇಳಬೇಕು. ಕೊಂಬು ಅಥವಾ ಶಿಟಾಕೆ ಅಣಬೆಯ ದಾಶಿಯಾದರೆ ನಡೆಯುತ್ತದೆ. "ಶಾಕಾಹಾರ ಇದೆಯೇ" ಎಂದಷ್ಟೇ ಕೇಳಿದರೆ "ಇದೆ" ಎನ್ನುತ್ತಾರೆ, ಸಾರಿನ ಮೀನು ಅವರ ಲೆಕ್ಕಕ್ಕೆ ಬರುವುದಿಲ್ಲ. ಮಗಳು ಹೆಸರು ಹಿಡಿದೇ ಕೇಳಲಿ.


ಉದ್ಯಮಬಾಗ (ಬೆಳಗಾವಿ) ಉತ್ತರ:

ನನ್ನದು ಬೇರೆ ಅಭಿಪ್ರಾಯ. ಫೌಂಡ್ರಿ ಯಂತ್ರಗಳ ವ್ಯವಹಾರಕ್ಕಾಗಿ ಜಪಾನಿಗೆ ಹೋಗಿ ಬರುವವನು ನಾನು, ಮೀನು ತಿನ್ನುವವನು. ಒಬ್ಬರಿಗೆ 5,000 ಯೆನ್ ಆಸುಪಾಸಿನಿಂದ 15,000 ದಾಟುವವರೆಗೂ ಕೇಳುವ ತರಗತಿಗಳಿವೆ. ಇಬ್ಬರಿಗೆ, ಮಗಳಿಗೆ, ಅಳಿಯನಿಗೆ ಲೆಕ್ಕ ಹಾಕಿ ನೋಡಿ. ಅಷ್ಟೇ ದುಡ್ಡಿನಲ್ಲಿ ಒಳ್ಳೆಯ ಅಂಗಡಿಯ ಕಟ್ಟೆಯ ಮುಂದೆ ಕುಳಿತು, ಕೈ ಪಳಗಿದವನು ಮಾಡುವುದನ್ನು ನೋಡುತ್ತ ತಿನ್ನಬಹುದು. ಅಲ್ಲಿ ಕೈಯಿಂದ ತಿಂದರೂ ಯಾರೂ ಏನೂ ಎನ್ನುವುದಿಲ್ಲ. ಉಂಡೆಯನ್ನು ಮಗುಚಿ ಮೀನಿನ ಕಡೆಯನ್ನು ಮಾತ್ರ ಸೋಯಾ ಸಾಸಿಗೆ ಮುಟ್ಟಿಸಬೇಕು, ಅನ್ನದ ಕಡೆ ಅದ್ದಿದರೆ ಬಿಚ್ಚಿಹೋಗುತ್ತದೆ.

ಅದೂ ದುಬಾರಿ ಎನಿಸಿದರೆ ತಿರುಗುವ ಪಟ್ಟಿಯ ಅಂಗಡಿಗೆ ಹೋಗಿ. ಶಿರಾಯಿಶಿ ಯೋಶಿಯಾಕಿ ಎಂಬವರು ಬಿಯರ್ ಕಾರ್ಖಾನೆಯಲ್ಲಿ ಬಾಟಲಿಗಳು ಕನ್ವೇಯರ್ ಮೇಲೆ ಸಾಗುವುದನ್ನು ನೋಡಿ, ಸುಶಿ ತಟ್ಟೆಯೂ ಹೀಗೇ ಸಾಗಬಹುದಲ್ಲ ಎಂದು ಹೊಳೆದು, 1958ರಲ್ಲಿ ಒಸಾಕಾ ಪ್ರಾಂತ್ಯದಲ್ಲಿ ಮೊದಲ ಅಂಗಡಿ ತೆರೆದರು. ತಟ್ಟೆ ಮೂಲೆಯಲ್ಲಿ ತಿರುವು ತೆಗೆದುಕೊಳ್ಳುವ ಪಟ್ಟಿಯನ್ನು ಹೊಂದಿಸುವುದೇ ಅವರಿಗೆ ದೊಡ್ಡ ತಲೆನೋವಾಗಿತ್ತಂತೆ. ನಮ್ಮ ಉದ್ಯಮಬಾಗದ ಯಾವ ಫಿಟ್ಟರನ್ನು ಕೇಳಿದರೂ ಆ ತಲೆನೋವು ಎಂಥದೆಂದು ಹೇಳುತ್ತಾನೆ. ಈಗಿನ ಅಂಗಡಿಗಳಲ್ಲಿ ಪರದೆ ಮುಟ್ಟಿ ಆರ್ಡರ್ ಮಾಡಬಹುದು, ಸೌತೆಕಾಯಿ ಸುರುಳಿ ವೈನಿಯವರಿಗೂ ಸಿಗುತ್ತದೆ.

ತರಗತಿಗೆ ಹೋಗಲೇಬೇಕೆಂದರೆ ಟೋಕಿಯೊದ ಹಳೆಯ ಮೀನು ಮಾರುಕಟ್ಟೆಯ ಜಾಗವಾದ ತ್ಸುಕಿಜಿಯ ಹೊರ ಮಾರುಕಟ್ಟೆಯ ಹತ್ತಿರದ್ದು ಹುಡುಕಿ, ಮಾರುಕಟ್ಟೆ ಸುತ್ತಿದಂತೆಯೂ ಆಗುತ್ತದೆ. ಹಳೆಯ ವಿಡಿಯೊ ನೋಡಿ ಮೀನಿನ ಹರಾಜು ಅಲ್ಲೇ ಎಂದುಕೊಳ್ಳಬೇಡಿ. ಸಗಟು ಮಾರುಕಟ್ಟೆ 2018ರ ಅಕ್ಟೋಬರ್‌ನಲ್ಲಿ ತೊಯೊಸುಗೆ ಹೋಯಿತು. ತ್ಸುಕಿಜಿಯಲ್ಲಿ ಉಳಿದಿರುವುದು ಹೊರಗಿನ ಅಂಗಡಿ ಸಾಲು. ಬುಧವಾರ, ಭಾನುವಾರ ಅಲ್ಲಿ ಬಹಳ ಅಂಗಡಿ ಮುಚ್ಚಿರುತ್ತವೆ, ಬೆಳಿಗ್ಗೆ ಬೇಗ ಹೋದಷ್ಟೂ ಒಳ್ಳೆಯದು.

ಪ್ರಶ್ನೆ ಕೇಳಿದವರು ಆಲಮಟ್ಟಿ ಮೀನಿನ ಹೆಸರು ತೆಗೆದರು, ಅದಕ್ಕಾಗಿ ಈ ಎಚ್ಚರಿಕೆ. ಊರಿಗೆ ಬಂದು ಹುಮ್ಮಸ್ಸಿನಲ್ಲಿ ರೋಹು, ಕಟ್ಲಾ ಕೊಯ್ದು ಅನ್ನದ ಮೇಲೆ ಇಟ್ಟುಬಿಟ್ಟೀರಿ. ಸಿಹಿನೀರಿನ ಮೀನನ್ನು ಹಸಿಯಾಗಿ ತಿನ್ನಲೇಬಾರದು. ಯಕೃತ್ತಿಗೆ ಸೇರುವ ಹುಳ, ಲಾಡಿಹುಳದಂಥವು ಅದರಲ್ಲಿರುತ್ತವೆ. ಸಮುದ್ರದ ಮೀನಿನಲ್ಲೂ ಅನಿಸಾಕಿಸ್ ಎಂಬ ಹುಳ ಇರುತ್ತದೆ. ಅದನ್ನು ಕೊಲ್ಲಲು ಮೈನಸ್ 20 ಡಿಗ್ರಿಯಲ್ಲಿ 24 ಗಂಟೆಗೂ ಹೆಚ್ಚು ಹೊತ್ತು ಇಡಬೇಕೆಂದು ಜಪಾನಿನವರು ಹೇಳುತ್ತಾರೆ, ಅಮೆರಿಕದವರು ಅದೇ ತಾಪಮಾನದಲ್ಲಿ 7 ದಿನ ಎನ್ನುತ್ತಾರೆ. ಕರೆಂಟು ಬಂದು ಹೋಗುವ ನಮ್ಮ ಮನೆ ಫ್ರಿಜ್ಜುಗಳ ಮೇಲಿನ ಖಾನೆಯನ್ನು ನಂಬಿ ಈ ಕೆಲಸಕ್ಕೆ ಕೈ ಹಾಕಬಾರದು. ವಿನೆಗರ್, ಇಲ್ಲವೇ ವಸಾಬಿ ಎಂಬ ಘಾಟಿನ ಹಸಿರು ಮುದ್ದೆ ಹಚ್ಚಿದರೆ ಹುಳ ಸಾಯುತ್ತದೆ ಎನ್ನುವವರ ಮಾತು ಕೇಳಬೇಡಿ.


ಖಾನಾವಳಿ ಅಕ್ಕ (ವಿಜಯಪುರ) ಉತ್ತರ:

ಉದ್ಯಮಬಾಗದ ಅಣ್ಣನವರೇ, ಕಟ್ಟೆಯ ಮುಂದೆ ಕುಳಿತು ನೋಡಿದರೆ ಕಲಿತಂತಾಗುತ್ತದೆಯೇ? ಹಾಗಿದ್ದರೆ ನಮ್ಮ ಖಾನಾವಳಿಯಲ್ಲಿ ದಿನಾ ಉಣ್ಣುವ ಗಿರಾಕಿಗಳೆಲ್ಲ ಇಷ್ಟು ಹೊತ್ತಿಗೆ ರೊಟ್ಟಿ ಬಡಿಯಬೇಕಾಗಿತ್ತು. ಮೀನಿನ ವಿಷಯದಲ್ಲಿ ನೀವು ಹೇಳಿದ್ದು ಸರಿ, ಅದಕ್ಕೆ ಎದುರು ಮಾತಿಲ್ಲ.


ಸಸ್ಯಶಾಸ್ತ್ರದ ಮೇಷ್ಟ್ರು (ಚಿಕ್ಕೋಡಿ) ಉತ್ತರ:

ಕರಿ ಹಾಳೆಯ ಬಗ್ಗೆ ತಾಯಿಯವರು ಕೇಳಿದ ಪ್ರಶ್ನೆ ನನ್ನ ಪಾಲಿನದು. ಮೀನಿಗೂ ಅದಕ್ಕೂ ಸಂಬಂಧವಿಲ್ಲ. ಅದು ಕೆಂಪು ಪಾಚಿ ವರ್ಗದ ಕಡಲ ಸೊಪ್ಪು. ಕೊಯ್ದು, ತೊಳೆದು, ಸಣ್ಣಗೆ ಹೆಚ್ಚಿ, ಕಾಗದ ತಯಾರಿಸುವ ಹಾಗೆಯೇ ಚೌಕಟ್ಟಿನ ಮೇಲೆ ಹರಡಿ ಒಣಗಿಸುತ್ತಾರೆ. ಒಂದು ಪೂರ್ತಿ ಹಾಳೆ 19ಕ್ಕೆ 21 ಸೆಂಟಿಮೀಟರ್. ಕಲ್ಯಾಣಿಯ ನೀರಿನ ಮೇಲೆ ತೇಲುವ ಪಾಚಿಯನ್ನು ನೆನೆಸಿಕೊಂಡು ಮುಖ ಸಿಂಡರಿಸುವುದು ಬೇಡ.

ಜಪಾನಿನ ಕರಾವಳಿಯವರು ಇದನ್ನು ಶತಮಾನಗಳಿಂದ ಬೆಳೆಯುತ್ತಿದ್ದರೂ ಅದರ ಬೀಜ ಎಲ್ಲಿಂದ ಬರುತ್ತದೆಂದು ಯಾರಿಗೂ ತಿಳಿದಿರಲಿಲ್ಲ. ಚಳಿಗಾಲದಲ್ಲಿ ಬಿದಿರು ಗಳ, ಬಲೆ ನೆಟ್ಟು ಕಾಯುವುದು, ಬಂದರೆ ಬಂತು, ಇಲ್ಲದಿದ್ದರೆ ಇಲ್ಲ. ಬೇಸಿಗೆಯಲ್ಲಿ ಅದು ಎಲ್ಲಿ ಮಾಯವಾಗುತ್ತದೆ ಎಂಬುದೇ ಒಗಟು. ಅದನ್ನು ಬಿಡಿಸಿದವರು ಜಪಾನನ್ನು ಎಂದೂ ನೋಡದ ಇಂಗ್ಲೆಂಡಿನ ಪಾಚಿ ವಿಜ್ಞಾನಿ ಕ್ಯಾಥ್ಲೀನ್ ಡ್ರೂ ಬೇಕರ್. ತಮ್ಮ ದೇಶದ ಕರಾವಳಿಯ ಇದೇ ಜಾತಿಯ ಸೊಪ್ಪನ್ನು ಅಭ್ಯಾಸ ಮಾಡುತ್ತ, ಅದು ಬದುಕಿನ ಒಂದು ಘಟ್ಟವನ್ನು ಚಿಪ್ಪಿನೊಳಗೆ ಕೊರೆದು ಕುಳಿತು ಗುಲಾಬಿ ಬಣ್ಣದ ಎಳೆಯಾಗಿ ಕಳೆಯುತ್ತದೆ ಎಂದು ಕಂಡುಕೊಂಡು 1949ರಲ್ಲಿ ಪ್ರಕಟಿಸಿದರು. ಆ ಎಳೆಯನ್ನು ಅದುವರೆಗೆ ಬೇರೆಯೇ ಜೀವಿ ಎಂದುಕೊಂಡು ಅದಕ್ಕೊಂದು ಬೇರೆ ಹೆಸರನ್ನೇ ಇಟ್ಟಿದ್ದರು! ಅಲ್ಲಿಂದ ಮುಂದೆ ಚಿಪ್ಪುಗಳಲ್ಲಿ ಸಸಿ ಎಬ್ಬಿಸಿ ಬಲೆಗೆ ಹಚ್ಚುವುದು ಸಾಧ್ಯವಾಯಿತು. ಕುಮಾಮೊಟೊ ಪ್ರಾಂತ್ಯದ ಉಟೊ ಎಂಬ ಊರಿನಲ್ಲಿ ಅವರ ಸ್ಮಾರಕವಿದೆ, ಪ್ರತಿ ವರ್ಷ ಏಪ್ರಿಲ್ 14ರಂದು ಅವರನ್ನು ಸ್ಮರಿಸುತ್ತಾರೆ. ಟೋಕಿಯೊದಿಂದ ಅದು ಬಹಳ ದೂರ, ಹೋಗಿ ಎನ್ನುತ್ತಿಲ್ಲ. ತಿಂಗಳು ಕೂಡಿಬಂದಿದೆ ಎಂದು ಹೇಳಿದೆ ಅಷ್ಟೇ. ತರಗತಿಯಲ್ಲಿ ಈ ಕಥೆ ಹೇಳಿದರೆ ಹಿಂದಿನ ಬೆಂಚಿನ ಹುಡುಗರೂ ತಲೆ ಎತ್ತುತ್ತಾರೆ.

ಅಕ್ಕನವರು ಹೇಳಿದ ಕೊಂಬು ಇನ್ನೊಂದು ಬಗೆ, ಕಂದು ಪಾಚಿ. 1908ರಲ್ಲಿ ಟೋಕಿಯೊದ ರಸಾಯನಶಾಸ್ತ್ರಜ್ಞ ಇಕೆದಾ ಕಿಕುನಾಯೆ ಅದರ ಸಾರಿನಿಂದಲೇ ಗ್ಲುಟಮೇಟ್ ಎಂಬ ರುಚಿ ಕೊಡುವ ವಸ್ತುವನ್ನು ಬೇರ್ಪಡಿಸಿ, ಆ ರುಚಿಯನ್ನು ಉಮಾಮಿ ಎಂದು ಕರೆದರು. ಅಂದರೆ ಮೀನಿಲ್ಲದ ದಾಶಿಗೂ ರುಚಿಯ ಕೊರತೆಯಿಲ್ಲ. ಜೆನ್ ಬೌದ್ಧ ಮಠಗಳ ಶೋಜಿನ್ ಎಂಬ ಶಾಕಾಹಾರಿ ಅಡುಗೆ ನಡೆಯುವುದೇ ಕೊಂಬು, ಶಿಟಾಕೆಯ ಮೇಲೆ. ಅದರಲ್ಲಿ ಈರುಳ್ಳಿ, ಬೆಳ್ಳುಳ್ಳಿಯೂ ಇಲ್ಲ. ನಮ್ಮ ಕಡೆಯ ಜೈನ ಬಂಧುಗಳು ಹೋದರೆ ಈ ಊಟವನ್ನು ವಿಚಾರಿಸಬಹುದು. ಮಠಗಳ ಊರಾದ ಕಾಮಾಕುರಾ ಯೊಕೊಹಾಮಾದಿಂದ ರೈಲಿನಲ್ಲಿ ಅರ್ಧ ಗಂಟೆಯಷ್ಟೆ.


ಘಟಪ್ರಭಾ ದಂಡೆ (ಬಾಗಲಕೋಟೆ) ಉತ್ತರ:

ಅಕ್ಕನವರೇ, ಮೇಷ್ಟ್ರೇ, ಉದ್ಯಮಬಾಗದವರೇ, ಎಲ್ಲರಿಗೂ ಶರಣು. ನಿಮ್ಮ ಬರಹಗಳನ್ನೆಲ್ಲ ಮನೆಯವರಿಗೆ ಗಟ್ಟಿಯಾಗಿ ಓದಿ ಹೇಳಿದೆ. ಸೋರೆಕಾಯಿ ಪಟ್ಟಿಯ ಸುದ್ದಿ ಬಂದಾಗ ಇನ್ನೊಮ್ಮೆ ಓದಿಸಿದರು, ಆಗಲೇ ಗೆದ್ದೆ ಎಂದುಕೊಂಡೆ. ಬೇರೆ ಮಣೆ, ಬೇರೆ ಚಾಕು ಕೊಡುವುದಾದರೆ ಬರುತ್ತಾರಂತೆ. ಅನ್ನ ಮಾಡಿಸುವ ತರಗತಿಯೊಂದು ಮಗಳಿಗೆ ಸಿಕ್ಕಿದೆ. ದಾಶಿಯ ಬಗ್ಗೆ ಹೆಸರು ಹಿಡಿದು ಕೇಳಿ ಬರೆದಿದ್ದಾಳೆ, ಕೊಂಬು ಮಾತ್ರ ಹಾಕುತ್ತೇವೆಂದು ಉತ್ತರ ಬಂದಿದೆ.

ಆ ಉತ್ತರದಲ್ಲೇ ಒಂದು ಸೂಚನೆ ಇದೆ: ಸುಗಂಧ ಹಚ್ಚಿಕೊಳ್ಳಬೇಡಿ, ಉಂಗುರ, ಗಡಿಯಾರ, ಬಳೆ ತೆಗೆದು ಬನ್ನಿ. ಬಳೆ ತೆಗೆಯುವ ಮಾತೇ ಇಲ್ಲ ಎಂದು ಮನೆಯವರು ಮತ್ತೆ ಬೆನ್ನು ತಿರುಗಿಸಿ ಕುಳಿತಿದ್ದಾರೆ. ಅಕ್ಕನವರೇ, ನೀವು ಏನು ಮಾಡಿದಿರಿ?


ಇಳಕಲ್ ದಡಿ (ಇಳಕಲ್ಲು) ಉತ್ತರ:

ನಡುವೆ ಬಾಯಿ ಹಾಕುತ್ತಿದ್ದೇನೆ. ಜಪಾನಿಗೆ ಹೋಗುವ ಯೋಗ ನನಗಿಲ್ಲ, ಮೊಮ್ಮಗಳು ಮೊಬೈಲಿನಲ್ಲಿ ನೋಡಿ ಸೌತೆಕಾಯಿ ಸುರುಳಿ ಬೇಕೆಂದು ಪ್ರಾಣ ತಿನ್ನುತ್ತಿದ್ದಾಳೆ. ನಮ್ಮ ಸೋನಾ ಮಸೂರಿಯಲ್ಲಿ ಆಗುತ್ತದೆಯೇ? ಆ ಗಿಡ್ಡ ಅಕ್ಕಿ ಇಲ್ಲಿ ಎಲ್ಲಿ ತರುವುದು?


ಖಾನಾವಳಿ ಅಕ್ಕ (ವಿಜಯಪುರ) ಉತ್ತರ:

ಮೊದಲು ಬಳೆ. ನಾನು ಕೈತುಂಬ ಹಸಿರು ಗಾಜಿನ ಬಳೆ ಹಾಕಿಕೊಂಡೇ ಹೋಗಿದ್ದೆ. ಅವುಗಳನ್ನು ಮೊಣಕೈ ಕಡೆಗೆ ಎಷ್ಟಾಗುತ್ತದೋ ಅಷ್ಟು ಏರಿಸಿ, ಅದರ ಮೇಲೆ ಅವರು ಕೊಟ್ಟ ಪ್ಲಾಸ್ಟಿಕ್ ತೋಳು ಹಾಕಿ, ಮಣಿಕಟ್ಟಿನ ಹತ್ತಿರ ರಬ್ಬರ್ ಕಟ್ಟಿಕೊಂಡೆ. ಆ ಹಿರಿಯರು ಬಗ್ಗಿ ನೋಡಿ, ತಲೆಯಾಡಿಸಿ ಮುಂದೆ ಹೋದರು. ಅವರು ಕೇಳುವುದು ಚೊಕ್ಕತನ, ಅದನ್ನು ಹೇಗೆ ಸಾಧಿಸಿದರೂ ಸರಿ. ಮಗಳು ಇದನ್ನೂ ಮೊದಲೇ ಬರೆದು ತಿಳಿಸಲಿ. ಸೀರೆಯಾದರೆ ಸೆರಗನ್ನು ಸೊಂಟಕ್ಕೆ ಬಿಗಿಯಾಗಿ ಸಿಕ್ಕಿಸಿಕೊಳ್ಳಲು ವೈನಿಯವರಿಗೆ ಹೇಳಿ, ಏಪ್ರನ್ನಿನ ದಾರ ಅದರ ಮೇಲೆ ಬರುತ್ತದೆ.

ಇಳಕಲ್ಲಿನ ಅಕ್ಕನವರೇ, ಸೋನಾ ಮಸೂರಿ ಬೇಡ. ಅದು ಉದುರು ಉದುರಾಗುವ ಅಕ್ಕಿ, ಸುರುಳಿ ಕೊಯ್ದ ಕೂಡಲೇ ಚಾಪೆಯ ತುಂಬ ಚೆಲ್ಲುತ್ತದೆ. ಬೆಳಗಾವಿ ಕಡೆಯ ಅಂಗಡಿಗಳಲ್ಲಿ ಇಂದ್ರಾಯಣಿ ಅಕ್ಕಿ ಸಿಗುತ್ತದೆ, ಬೆಂದಾಗ ತುಸು ಅಂಟುತ್ತದೆ, ನಾನು ಅದರಲ್ಲೇ ಮಾಡುತ್ತೇನೆ. ಹೊಸ ಅಕ್ಕಿಯಾದರೆ ಇನ್ನೂ ಒಳ್ಳೆಯದು. ಹಳೇ ಅಕ್ಕಿಯೇ ಶ್ರೇಷ್ಠ ಎನ್ನುವ ನಮ್ಮ ಲೆಕ್ಕ ಇಲ್ಲಿ ತಿರುಗುಮುರುಗು. ಪರಿಮಳ ಮಾತ್ರ ಬೇರೆ ಬರುತ್ತದೆ, ಮಕ್ಕಳಿಗೆ ಅದೇನೂ ಅಡ್ಡಿಯಾಗದು. ನೀರನ್ನು ಒಂದು ಲೋಟಕ್ಕೆ ಒಂದೂಕಾಲು ಇಟ್ಟು ನೋಡಿ, ನಿಮ್ಮ ಅಕ್ಕಿ ನೋಡಿಕೊಂಡು ಹೆಚ್ಚು ಕಡಿಮೆ ಮಾಡಿಕೊಳ್ಳಿ. ಅಕ್ಕಿ ವಿನೆಗರ್, ನೋರಿ ಎರಡೂ ಆನ್‌ಲೈನ್‌ನಲ್ಲಿ ಸಿಗುತ್ತವೆ. ಉಪ್ಪಿನಕಾಯಿಗೆ ಹಾಕುವ ಬಿಳಿ ವಿನೆಗರ್ ಬಹಳ ಹುಳಿ, ಅದೇ ಇರುವುದಾದರೆ ಅಳತೆ ಇಳಿಸಿ. ನೋರಿಯ ಪೊಟ್ಟಣ ಒಡೆದ ಮೇಲೆ ಗಾಳಿಯಾಡದ ಡಬ್ಬಿಯಲ್ಲಿಡಿ, ಮಳೆಗಾಲದಲ್ಲಿ ಅರ್ಧ ದಿನ ಹೊರಗಿದ್ದರೂ ತೊಗಲಿನಂತೆ ಜಗಿಯಬೇಕಾಗುತ್ತದೆ. ಮೆತ್ತಗಾದರೆ ಹಂಚಿನ ಮೇಲೆ ಸಣ್ಣ ಉರಿಯಲ್ಲಿ ಒಂದು ಗಳಿಗೆ ತೋರಿಸಿ. ಒಳಗೆ ಸೌತೆಕಾಯಿಯ ಜೊತೆ ಮೊಮ್ಮಗಳಿಗೆ ತಿಳಿಯದಂತೆ ಸ್ವಲ್ಪ ಗುರೆಳ್ಳು ಚಟ್ನಿಪುಡಿ ಉದುರಿಸಿ. ಜಪಾನಿನವರು ಒಪ್ಪುತ್ತಾರೋ ಬಿಡುತ್ತಾರೋ, ನಮ್ಮ ಖಾನಾವಳಿಯ ಹುಡುಗರು ತಟ್ಟೆ ಖಾಲಿ ಮಾಡಿದರು.

ಘಟಪ್ರಭಾ ಅಣ್ಣನವರೇ, ಸಾಮಾನು ಕೊಳ್ಳುವುದಿದ್ದರೆ ತರಗತಿಯವರ ಹತ್ತಿರ ಕೊಳ್ಳಬೇಡಿ. ಅಸಾಕುಸಾ, ಉಯೆನೊ ನಡುವೆ ಕಪ್ಪಾಬಾಶಿ ಎಂಬ ಬೀದಿ ಇದೆ, ಬೀದಿಗೆ ಬೀದಿಯೇ ಅಡುಗೆಮನೆ ಸಾಮಾನು. ಖಾನಾವಳಿ, ಹೋಟೆಲಿನವರು ಅಲ್ಲಿಗೆ ಹೋದರೆ ಸಂಜೆಯವರೆಗೆ ಹೊರಗೆ ಬರುವುದಿಲ್ಲ. ಬಿದಿರು ಚಾಪೆ, ಶಾಮೋಜಿ ತೂಕವಿಲ್ಲ, ಬೆಲೆಯೂ ಹೆಚ್ಚಿಲ್ಲ. ಹಾಂಗಿರಿ ತರುವ ಆಸೆಯಾಗುತ್ತದೆ, ತರಬೇಡಿ. ನಮ್ಮ ಬೇಸಿಗೆಗೆ ಮರ ಒಣಗಿ ತಾಮ್ರದ ಪಟ್ಟಿ ಸಡಿಲಾಗುತ್ತದೆ, ಇಲ್ಲಿ ಅಗಲವಾದ ಪರಾತದಲ್ಲಿ ಕೆಲಸ ನಡೆಯುತ್ತದೆ. ಚಾಕು ಕೊಂಡರೆ ವಿಮಾನದಲ್ಲಿ ಕೈಚೀಲದಲ್ಲಿ ಇಟ್ಟುಕೊಳ್ಳದೆ ದೊಡ್ಡ ಪೆಟ್ಟಿಗೆಯಲ್ಲಿ ಹಾಕಿ. ಒಂದೇ ಮಗ್ಗುಲು ಹರಿತವಿರುವ ಮೀನಿನ ಚಾಕು ನಿಮಗೆ ಬೇಡ, ತರಕಾರಿಯದು ತನ್ನಿ.

ಹಾಗೆಯೇ ನನಗೂ ಎರಡು ಶಾಮೋಜಿ ತಂದುಬಿಡಿ, ಅನ್ನ ಅಂಟದಂತೆ ಮೈಮೇಲೆ ಸಣ್ಣ ಗುಳ್ಳೆ ಇರುವಂಥವು. ಬಾಗಲಕೋಟೆ ನಮಗೇನು ದೂರ, ನಾನೇ ಬಂದು ದುಡ್ಡು ಕೊಟ್ಟು ಒಯ್ಯುತ್ತೇನೆ.